ಎಂಟನೇ ಡಬ್ಬದ ಅಪ್ಪ

ಕೊನೆಯದಾದ ಎಂಟನೇ ಡಬ್ಬದಲ್ಲಿ ಸಿನಿಮಾ ರೀಲು ಇರಲಿಲ್ಲ. ಹಳೆ ಕ್ಯಾಲೆಂಡರಿನ ಸುರುಳಿಗಳಿದ್ದವು.

ಕೊರಿಯಾದ ನಿರ್ಮಾಪಕ ಪಾಕ್ ಕುರ್ಚಿಯಲ್ಲಿ ಕುಸಿದರು. ಜೀವಮಾನವಿಡೀ ದೆವ್ವದ, ಕತ್ತಿವರಸೆಯ ಸಿನಿಮಾ ತೆಗೆದವರು. ಸ್ಟುಡಿಯೋಗೆ ಬೆಂಕಿ ಬಿದ್ದು ಎಲ್ಲವೂ ಬೂದಿಯಾಗಿತ್ತು. ಯಾವುದೋ ಚಿತ್ರೋತ್ಸವಕ್ಕೆ ಬಂದು, ಚಿಂತಾಮಣಿಯ ಈ ಮುಚ್ಚಿದ ಟಾಕೀಸಿನಲ್ಲಿ ಉಳಿದುಹೋದ ಒಂದು ದೆವ್ವದ ಸಿನಿಮಾದ ಪ್ರತಿ ಮಾತ್ರ ಬದುಕಿತ್ತು. ಸಂಜೆಯ ವಿಮಾನಕ್ಕೆ ಅದನ್ನು ಒಯ್ಯಬೇಕಿತ್ತು. ಕೊನೆಯೇ ಇಲ್ಲದ ಸಿನಿಮಾ ಒಯ್ದು ಏನು ಮಾಡುವುದು?

ಎಸ್‌ಐ ಶ್ರೀವಲ್ಲಿಗೆ ಮಾತು ಕಡಿಮೆ. ಕಣ್ಣು ಮಾತ್ರ ಒಂದು ಕಡೆ ನಿಲ್ಲದು.

"ಬೀಗದ ಕೈ ಯಾರ ಹತ್ರ ಇತ್ತು?"

"ನನ್ನತ್ರಾನೇ," ಎಂದರು ಹಳೆಯ ಆಪರೇಟರ್ ಕೊಂಡಪ್ಪ. "ಇಲಿ ಮುಟ್ಟದಂಗೆ ಕಾದಿದ್ದೀನಮ್ಮ. ಭಾಷೆ ತಿಳೀದ ಸಿನಿಮಾ ಅಂತ ಒಂದ್ಸಲಾನೂ ಓಡಿಸಿಲ್ಲ."

"ಕಾಯೋನೇ ಕಳ್ಳ, ಮೇಡಂ. ಗುಜರಿಗೆ ಹಾಕಿರ್ತಾನೆ," ಎಂದ ಮಾಲೀಕರ ಮಗ ಮೋಹನ್‌ಬಾಬು. ಅವನೂ ಸಿನಿಮಾದವನೇ. ಅವನ ಮೊದಲ ದೆವ್ವದ ಚಿತ್ರದ ಪೋಸ್ಟರ್ ಗೇಟಿನ ಮೇಲಿತ್ತು: ಪುಟ್ಟ ಹುಡುಗನನ್ನು ತಬ್ಬಿ ಅಳುವ ತಾಯಿ.

\* \* \*

ಗುಜರಿ ಅಂಗಡಿಗಳಲ್ಲಿ ಏನೂ ಸಿಗಲಿಲ್ಲ. ಕೊಂಡಪ್ಪನವರ ಮನೆಯಲ್ಲಿ ಫಿಲ್ಮಿನ ತುಂಡೊಂದು ಸಿಕ್ಕಿತು. ಬೆಳಕಿಗೆ ಹಿಡಿದರೆ ಹಳೆ ತೆಲುಗು ಹಾಡಿನ ಕುಣಿತ!

ಹೊತ್ತು ಜಾರುತ್ತಿತ್ತು. ಪಾಕ್ ಅವರ ಕಾರು ಗೇಟಿನಲ್ಲಿ ಕಾಯುತ್ತಿತ್ತು.

"ಬಿಡಿ ಮೇಡಂ," ಎಂದ ಮೋಹನ್‌ಬಾಬು. "ಕೊನೇಲಿ ಏನಿತ್ತು ಮಹಾ? ಸತ್ತ ಮಗನ ದೆವ್ವಾನ ತಬ್ಕೊಂಡು ತಾಯಿ 'ಅಪ್ಪಾ, ಅಪ್ಪಾ' ಅಂತ ಅಳೋದು."

"ಯಾರು ಹೇಳಿದ್ರು?"

"ಪಾಕ್ ಸಾರೇ ಹೇಳಿದ್ರು."

ಶ್ರೀವಲ್ಲಿ ತನ್ನ ಮೊಬೈಲು ಪಾಕ್ ಅವರ ಮುಂದೆ ಹಿಡಿದಳು. ಅವರ ಮಾತನ್ನು ಅದು ಕನ್ನಡಕ್ಕೆ ತಿರುಗಿಸಿತು. "ಅವಳು ತಾಯಿ ಅಲ್ಲ, ಮಗಳು. ಸತ್ತ ತಂದೆ ಆ ಹುಡುಗನ ಮೈಮೇಲೆ ಬಂದಿದ್ದಾನೆ. ನಮ್ಮ ಕೊರಿಯನ್ ಭಾಷೆಯಲ್ಲಿ ತಂದೆಯನ್ನು 'ಅಪ್ಪ' ಎಂದು ಕರೆಯುತ್ತೇವೆ."

ಮೋಹನ್‌ಬಾಬು ಗೇಟಿನ ಕಡೆ ಸರಿದ.

"ಮಗೂನ ಅಪ್ಪಾ ಅಂತ ಮುದ್ದು ಮಾಡೋರು ನಮ್ಮ ಕಡೆಯೋರು," ಎಂದಳು ಶ್ರೀವಲ್ಲಿ. "ಪಾಕ್ ಅವರು ಹೇಳಿದ್ರೆ ಕಥೆ ತಪ್ತಿರಲಿಲ್ಲ. ನೀವೇ ಕದ್ದು ಓಡಿಸಿ ನೋಡಿದ್ದೀರಿ. ಕೇಳಿಸಿದ್ದನ್ನ ನಮ್ಮ ಚಿಂತಾಮಣಿ ಕಡೆಯ ಮುದ್ದಿನ 'ಅಪ್ಪಾ' ಅಂದ್ಕೊಂಡ್ರಿ. ನಿಮ್ಮ ಪೋಸ್ಟರಿನಲ್ಲೂ ಅದೇ ಸೀನು, ಅದೇ ತಪ್ಪು. ಮೂಲ ಹೊರಗೆ ಬಂದ್ರೆ ನಕಲು ಅಂತ ಗೊತ್ತಾಗುತ್ತಲ್ಲ? ಟಾಕೀಸಿನ ಇನ್ನೊಂದು ಬೀಗದ ಕೈ ನಿಮ್ಮನೇಲೇ ಇರಬೇಕು. ರೀಲು ಎಲ್ಲಿ?"

ಅವನು ತಲೆ ತಗ್ಗಿಸಿದ. "ನನ್ನ ಕಾರಿನ ಡಿಕ್ಕೀಲಿ."

\* \* \*

ಹೊರಡುವ ಮುನ್ನ ಕೊಂಡಪ್ಪ ಆ ರೀಲನ್ನು ಓಡಿಸಿದರು. ಹರಿದ ಪರದೆಯ ಮೇಲೆ ಮಗಳು ಕೂಗಿದಳು: "ಅಪ್ಪಾ!"

ಪಾಕ್ ಬಿಕ್ಕಿ ಬಿಕ್ಕಿ ಅತ್ತರು. ರೀಲು ಮುಗಿದ ಮೇಲೆ ಕೊಂಡಪ್ಪ ಕೆಳಗಿಳಿದು ಬಂದು ಅವರ ಬೆನ್ನು ಸವರಿದರು.

"ಅಳಬೇಡಪ್ಪ."

ಪಾಕ್ ಬೆಚ್ಚಿ ತಿರುಗಿದರು. ಇಷ್ಟು ದೂರದ ಊರಿನಲ್ಲಿ ಯಾರೋ ಅವರ ಭಾಷೆಯಲ್ಲಿ ಕರೆದಂತಿತ್ತು.