ಪೊಲೀಸ್ ಎನ್ನದ ಪೊಲೀಸ್

ಈನಿಡ್ ಟ್ಯಾರಂಟ್ ಅವರ ಕಪಾಟಿನ ಬೀಗ ಒಡೆದಿತ್ತು. ತಿಂಗಳುಗಟ್ಟಲೆ ಕೂತು ಬರೆದ ಚಿತ್ರಕಥೆ ಇಲ್ಲ. ಕಾರ್ಬನ್ ಪ್ರತಿ ಇಲ್ಲ. ಕರಡೂ ಇಲ್ಲ.

1951ರ ಮಾರ್ಚ್. ಲಂಡನ್ನಿನ ಹೊರಗಿನ ನಮ್ಮ ಸ್ಟುಡಿಯೋ. ನಾನಲ್ಲಿ ಉಡುಪು ಹೊಲಿಯುತ್ತಿದ್ದೆ. ಈನಿಡ್ ಬರೆದ ಮಾತುಗಳು ಬರೆದವುಗಳಂತೆ ಇರುತ್ತಿರಲಿಲ್ಲ. ಅಕ್ಕಪಕ್ಕದವರು ಬೇಲಿಗೊರಗಿ ಆಡಿದಂತಿರುತ್ತಿದ್ದವು. ಒಂಬತ್ತು ಚಿತ್ರ ಬರೆದಿದ್ದರು. ಆದರೂ ಪರದೆಯ ಮೇಲೆ ಅವರ ಹೆಸರು, ನಾವು ಮಿಠಾಯಿಯ ಕಾಗದ ಬಿಚ್ಚುವಷ್ಟರಲ್ಲಿ ಬಂದು ಹೋಗಿರುತ್ತಿತ್ತು.

ಮೂರನೇ ದಿನ ಸಹಾಯಕ ನಿರ್ಮಾಪಕ ಲಯನೆಲ್ ಕ್ರಾಫ್ಟ್ ಒಂದು ಚಿತ್ರಕಥೆ ತಂದು ಮಾಲೀಕ ಕಾರ್ವರ್ ಅವರ ಮೇಜಿನ ಮೇಲಿಟ್ಟ. ಹೊಸದಾಗಿ ಟೈಪು ಮಾಡಿದ ಹಾಳೆಗಳು. ಮೇಲೆ ಅವನದೇ ಹೆಸರು.

"ಇದು ನನ್ನದು," ಎಂದರು ಈನಿಡ್.

"ಪಾಪ, ಈ ವಯಸ್ಸಿನಲ್ಲಿ ಹೀಗೆಲ್ಲ ಅನ್ನಿಸುತ್ತೆ," ಎಂದ ಲಯನೆಲ್.

ಕಾರ್ವರ್ ಕನ್ನಡಕ ತೆಗೆದರು. "ರುಜುವಾತು ಕೊಡಿ ಈನಿಡ್. ಇಲ್ಲದಿದ್ರೆ ಸುಳ್ಳು ಆರೋಪ ಮಾಡಿದವರನ್ನ ನಾನು ಇಟ್ಕೊಳ್ಳೋಕಾಗಲ್ಲ."

\* \* \*

ಇನ್ಸ್‌ಪೆಕ್ಟರ್ ಬ್ರಾಮ್ಲಿ ಬಂದರು. ದಪ್ಪ ಮೀಸೆ, ಒದ್ದೆ ಟೋಪಿ. ಬರಹಗಾರರ ಕೋಣೆಯ ಒಲೆಯಲ್ಲಿ ಕಾಗದದ ಬೂದಿ ಕಂಡಿತು. ಕಾವಲುಗಾರ ಫ್ರೆಡ್‌ನನ್ನು ಕರೆಸಿದರು.

"ಏನು ಸುಟ್ಟೆಯಯ್ಯಾ?"

"ಕುದುರೆ ರೇಸಿನ ಪೇಪರು ಸಾರ್. ಮನೆಗೆ ಒಯ್ದರೆ ಹೆಂಡತಿ ನನ್ನನ್ನೇ ಸುಡ್ತಾಳೆ."

"ಈ ಕಪಾಟಿನ ಕೀಲಿ ಎಲ್ಲಿರುತ್ತೆ?"

"ಚಹಾ ಡಬ್ಬಿಯೊಳಗೆ. ಇಲ್ಲಿ ಎಲ್ಲರಿಗೂ ಗೊತ್ತು. ಚಹಾ ಮಾಡೋ ಸರದಿ ಬಂದಾಗ ಕೈಗೆ ಸಿಗುತ್ತಲ್ಲ!"

"ಎಲ್ಲರಿಗೂ ಸರದಿ ಉಂಟಾ?"

"ಉಂಟು ಸಾರ್. ಕಾರ್ವರ್ ಸಾಹೇಬರೂ ಮಾಡ್ತಾರೆ. ಲಯನೆಲ್ ದೊರೆಗಳು ಮಾತ್ರ ಕುಡಿಯೋಕೆ ಬರ್ತಾರೆ."

ಬ್ರಾಮ್ಲಿ ಮೀಸೆ ಸವರಿಕೊಂಡರು. ಕೀಲಿ ಗೊತ್ತಿದ್ದವರು ಬೀಗ ಒಡೆಯುವುದಿಲ್ಲ. ಆದರೆ ಚಹಾ ಮಾಡದವನೆಂದು ಯಾರನ್ನೂ ಹಿಡಿಯಲಾಗದು. ಅವರು ಲಯನೆಲ್ ತಂದಿದ್ದ ಚಿತ್ರಕಥೆ ತೆಗೆದುಕೊಂಡು ಕಿಟಕಿಯ ಬಳಿ ಕೂತು ಪೂರ್ತಿ ಓದಿದರು. ಆಮೇಲೆ ಈನಿಡ್ ಅವರನ್ನು ಕೇಳಿದರು.

"ಇದರ ನಾಯಕ ಪೊಲೀಸು. ಬೇರೆಯವರೆಲ್ಲ 'ಪೊಲೀಸ್, ಪೊಲೀಸ್' ಅಂತಾರೆ. ಇವನೊಬ್ಬ ಒಂದು ಸಲವೂ ಅನ್ನಲ್ಲ. ನಾನು ದಿನಕ್ಕೆ ಎಷ್ಟು ಸಲ ಅಂತೀನೋ! ಯಾಕೆ ತಾಯಿ?"

ಈನಿಡ್ ನೆಲ ನೋಡಿದರು. "ಹೇಳೋ ಹಾಗಿಲ್ಲ."

"ಕೆಲಸ ಹೋಗುತ್ತೆ."

"ಗೊತ್ತು."

\* \* \*

ಮಧ್ಯಾಹ್ನ ಎಲ್ಲರೂ ಕಾರ್ವರ್ ಅವರ ಕೋಣೆಯಲ್ಲಿ ಸೇರಿದರು. ನಾಯಕ ನಟ ಜೆರಾಲ್ಡ್ ಮಾರ್ಚ್‌ಮಂಟ್ ಅಳತೆ ಕೊಡಲು ನಿಂತಿದ್ದ. ನಾನು ಅವನ ಕೋಟಿನ ತೋಳಿಗೆ ಪಿನ್ನು ಚುಚ್ಚುತ್ತಿದ್ದೆ.

"ಲಯನೆಲ್ ಅವರೇ," ಎಂದರು ಬ್ರಾಮ್ಲಿ, "ನಿಮ್ಮ ನಾಯಕ 'ಪೊಲೀಸ್' ಅನ್ನೋದೇ ಇಲ್ಲವಲ್ಲ?"

"ಹೌದೇ? ಅದೇನು ಮಹಾ! ಈಗಲೇ ಸೇರಿಸ್ತೀನಿ." ಅವನು ಚೀಟಿಯಲ್ಲಿ 'ಪೊಲೀಸ್! ಕದಲಬೇಡಿ!' ಎಂದು ಗೀಚಿ ಜೆರಾಲ್ಡ್ ಕೈಗೆ ಕೊಟ್ಟ. "ಬಾಗಿಲು ಒದ್ದು ಒಳಗೆ ಬರ್ತೀಯ. ಓದು."

ಜೆರಾಲ್ಡ್ ಚೀಟಿ ನೋಡಿದ. ನನ್ನ ಬೆರಳ ಕೆಳಗೆ ಅವನ ತೋಳು ಕಲ್ಲಿನಂತೆ ಬಿಗಿಯಾಯಿತು.

ಈನಿಡ್ ಎದ್ದು ನಿಂತರು. "ಬೇಡ ಜೆರಾಲ್ಡ್! ಕಾರ್ವರ್, ಆ ಕಥೆ ನನ್ನದಲ್ಲ. ಲಯನೆಲ್ ಬರೆದದ್ದೇ. ಬಿಟ್ಟುಬಿಡಿ."

"ಕೇಳಿದಿರಲ್ಲ?" ಲಯನೆಲ್ ನಕ್ಕ.

ಜೆರಾಲ್ಡ್ ಬಾಯಿ ತೆರೆದ. "ಪ್... ಪ್... ಪ್..." ಕುತ್ತಿಗೆಯ ನರ ಉಬ್ಬಿತು. ಮುಖ ಕೆಂಪಾಯಿತು. "ಪ್... ಪೊ..." ಮುಂದೆ ಬರಲಿಲ್ಲ. ಇಡೀ ದೇಶದ ಹೆಂಗಸರು ಕನಸು ಕಾಣುವ ಆ ದನಿ ಎಲ್ಲರೆದುರು ಮುಗ್ಗರಿಸಿತು.

ಅವನು ಚೀಟಿ ಕೆಳಗಿಟ್ಟ. "ಚಿಕ್ಕಂದಿನಿಂದ ಹೀಗೇ. ಆ ಅಕ್ಷರ ಮೊದಲು ಬಂದರೆ ನಾಲಿಗೆ ಕಟ್ಟುತ್ತೆ. ಗೊತ್ತಿದ್ದದ್ದು ಇವರಿಗೊಬ್ಬರಿಗೇ. ಯಾರಿಗೂ ಹೇಳಲ್ಲ ಅಂತ ಮಾತು ಕೊಟ್ಟಿದ್ರು. ಒಂಬತ್ತು ಸಿನಿಮಾ, ಒಂದರಲ್ಲೂ ನನ್ನ ಬಾಯಿಗೆ ಆ ಅಕ್ಷರ ಕೊಡಲಿಲ್ಲ."

ಬ್ರಾಮ್ಲಿ ನಿಟ್ಟುಸಿರು ಬಿಟ್ಟರು. "ನಾಯಕ ಪಿಸ್ತೂಲಿಗೆ 'ಬಂದೂಕು' ಅಂತಾನೆ, 'ಪ್ಲೀಸ್' ಅನ್ನೋ ಕಡೆ 'ದಯವಿಟ್ಟು' ಅಂತಾನೆ. ಬರೆದವರಿಗೆ ಕಾರಣ ಗೊತ್ತಿರಬೇಕು. ಲಯನೆಲ್, ನಿನಗೆ ಗೊತ್ತಿರಲಿಲ್ಲ. ಕೀಲಿ ಇರೋ ಜಾಗ ಗೊತ್ತಿಲ್ಲದೆ ಬೀಗ ಒಡೆದವನೂ ನೀನೇ. ಮೂಲ ಪ್ರತಿ ಎಲ್ಲಿ?"

ಲಯನೆಲ್ ಬಾಗಿಲ ಕಡೆ ನೋಡಿದ. ಅಲ್ಲಿ ಫ್ರೆಡ್ ನಿಂತಿದ್ದ.

"ಕಾರಿನಲ್ಲಿದೆ," ಎಂದ ಲಯನೆಲ್, ಸಣ್ಣ ದನಿಯಲ್ಲಿ.

\* \* \*

ಅವನನ್ನು ಕರೆದೊಯ್ದರು. ಜೆರಾಲ್ಡ್ ಕುರ್ಚಿಯಲ್ಲಿ ಕುಸಿದಿದ್ದ. ಈನಿಡ್ ಅವನ ಪಕ್ಕ ಕೂತು ಗದರಿದರು: "ನಿನಗೆ ಹುಚ್ಚೇನಪ್ಪಾ?"

"ನಿಮಗಿಂತ ಕಡಿಮೆ," ಎಂದ ಅವನು.

ಕಾರ್ವರ್ ಗಂಟಲು ಸರಿಮಾಡಿಕೊಂಡರು. "ಈನಿಡ್, ಈ ಸಲ ನಿಮ್ಮ ಹೆಸರು ಎಷ್ಟು ದೊಡ್ಡದಾಗಿ ಹಾಕಿಸಲಿ?"

ಈನಿಡ್ ಯೋಚಿಸಿದರು.

"ಹಿಂದಿನ ಸಾಲಿನವರಿಗೆ ಓದೋಕೆ ಆದರೆ ಸಾಕು."