ನೌಕಾಪಟ್ಟಿಯಲ್ಲಿ ಇಲ್ಲದ ಹೆಸರು

“ಸಾರಿ ಲವ್, ಡಾಕ್ಟರ್ ವೇಣುಗೋಪಾಲ ಅನ್ನೋರು ನಮ್ಮಲ್ಲಿ ಯಾರೂ ಇಲ್ಲ.”

“ಇನ್ನೊಂದು ಸಲ ನೋಡ್ತೀರಾ? ವಿ, ಇ, ಎನ್...”

“ನೋಡಿದೆ. ‘ವಿ’ಯಲ್ಲಿ ಇರೋದೇ ಇಬ್ಬರು. ವಾನ್, ವಿನ್ಸೆಂಟ್.”

ಪರ್ತ್‌ನ ಆಸ್ಪತ್ರೆಯ ಆಪರೇಟರ್ ಎಲ್ಲರನ್ನೂ ಕರೆಯುವಂತೆ ನನ್ನನ್ನೂ ‘ಲವ್’ ಎಂದಿದ್ದಳು. ಫೋನ್ ಇಟ್ಟೆ. ಅಡಿಲೇಡ್‌ನಲ್ಲಿ ಆಗ ಸಂಜೆ ನಾಲ್ಕು, ಪರ್ತ್‌ನಲ್ಲಿ ಎರಡೂವರೆ. ನನಗೂ ಅವರಿಗೂ ನಡುವೆ ಒಂದೂವರೆ ಗಂಟೆ ಮಾತ್ರ ಇದೆ ಎಂದು ಡಿಸೆಂಬರಿನಿಂದ ಲೆಕ್ಕ ಹಾಕುತ್ತಿದ್ದೆ. ಈಗ ಆ ಲೆಕ್ಕವೂ ಇಲ್ಲ.

ಅದು ೧೯೮೪ರ ಫೆಬ್ರವರಿ. ಮೈಸೂರಿನಲ್ಲಿ ಇತಿಹಾಸದ ಎಂ.ಎ. ಮುಗಿಸಿ, ಅಕ್ಕ ರುಕ್ಮಿಣಿಯ ಬಾಣಂತನಕ್ಕೆಂದು ಬಂದವಳು ನಾನು. ಭಾವ ನಾಗೇಂದ್ರ ಬೆಡ್‌ಫರ್ಡ್ ಪಾರ್ಕ್‌ನ ಆಸ್ಪತ್ರೆಯಲ್ಲಿ ಡಾಕ್ಟರ್. ಮಗುವಿಗೆ ವರ್ಷ ತುಂಬಿದ ಮೇಲೆ ಗ್ಲೆನೆಲ್ಗ್‌ನ ಮಿಸೆಸ್ ಹಾರ್ಟ್‌ವೆಲ್ ಎಂಬ ಮುದುಕಿಯ ಮನೆಗೆ ವಾರಕ್ಕೆ ಮೂರು ದಿನ ಹೋಗತೊಡಗಿದ್ದೆ. ಆಕೆಯ ತಾಯಿಯ ಕಡೆಯವರೆಲ್ಲ ಬ್ರಿಟಿಷ್ ನೌಕಾಪಡೆಯ ಅಧಿಕಾರಿಗಳು. ಅವರ ವಂಶವೃಕ್ಷ ಬರೆಯುವುದು ನನ್ನ ಕೆಲಸ. ಆಕೆಯ ನಿಯಮ ಒಂದೇ: ಅನುಮಾನವಿದ್ದರೆ ಪೆನ್ಸಿಲ್, ಖಾತ್ರಿಯಾದರೆ ಮಸಿ.

ವೇಣುಗೋಪಾಲ ಭಾವನ ಜೂನಿಯರ್. ಭಾನುವಾರ ಊಟಕ್ಕೆ ಬರುತ್ತಿದ್ದರು. ಗ್ಲೆನೆಲ್ಗ್ ಅವರ ದಾರಿಯಲ್ಲಿ ಬಾರದಿದ್ದರೂ ಸೋಮವಾರ ಬೆಳಿಗ್ಗೆ ಕಾರು ಹೇಗೋ ನಮ್ಮ ಮನೆ ಮುಂದೆ ನಿಲ್ಲುತ್ತಿತ್ತು.

“ಇಂಗ್ಲಿಷ್ ದೊರೆಗಳ ಜಾತಕ ಎಲ್ಲೀವರೆಗೆ ಬಂತು?” ಎಂದು ಕೇಳುವರು.

“ಒಬ್ಬ ಅಡ್ಮಿರಲ್‌ಗೆ ಹನ್ನೊಂದು ಮಕ್ಕಳು. ಗಂಡುಮಕ್ಕಳಿಗೆಲ್ಲ ಹೆಸರಿದೆ. ಹೆಣ್ಣುಮಕ್ಕಳಿಗೆ ‘ಮತ್ತು ಐವರು ಪುತ್ರಿಯರು’ ಅಂತ ಒಂದೇ ಸಾಲು.”

“ಆ ಐದು ಜನಾನೂ ನಿಮ್ಮ ಹಾಗೇ ಮಾತೇ ಆಡ್ತಿರಲಿಲ್ವೇನೋ.”

ನಾನು ಕಿಟಕಿಯತ್ತ ತಿರುಗುತ್ತಿದ್ದೆ. ಗಾಜಿನಲ್ಲಿ ಅವರ ಮುಖ ಕಾಣುತ್ತಿತ್ತು. ನೋಡುವುದಿಲ್ಲವೆಂಬಂತೆ ರಸ್ತೆ ನೋಡುತ್ತಲೇ ನನ್ನನ್ನು ನೋಡುವ ಆ ಕಣ್ಣಂಚು. ನಾನು ಗಾಜಿನಲ್ಲಿ ನೋಡುತ್ತಿದ್ದೇನೆಂದು ಗೊತ್ತಾದಾಗ ಅವರು ಸುಮ್ಮಸುಮ್ಮನೆ ಗೇರ್ ಬದಲಿಸುತ್ತಿದ್ದರು.

ಡಿಸೆಂಬರಿನ ಒಂದು ಬೆಳಿಗ್ಗೆ ಸಮುದ್ರದೆದುರು ಕಾರು ನಿಲ್ಲಿಸಿದರು.

“ಪರ್ತ್‌ನಲ್ಲಿ ಮೂರು ತಿಂಗಳ ಕೆಲಸ ಸಿಕ್ಕಿದೆ. ಫೆಬ್ರವರಿಗೆ ಮುಗಿಯುತ್ತೆ. ಆಮೇಲೆ ಲಂಡನ್.”

ನಾನು ಮಡಿಲಲ್ಲಿದ್ದ ಕಾಗದದ ಚೀಲ ಸರಿಮಾಡಿಕೊಂಡೆ.

“ಹೋಗೋ ಮುಂಚೆ ನಮ್ಮ ಮನೆಯದೂ ಒಂದು ವಂಶವೃಕ್ಷ ಬರೆದುಕೊಡಿ. ಬರೀರಿ. ಅಪ್ಪ ನಂಜುಂಡಸ್ವಾಮಿ, ಪೋಸ್ಟ್‌ಮಾಸ್ಟರ್. ಕೆಳಗೆ ನಾನು, ವೇಣುಗೋಪಾಲ. ನನ್ನ ಪಕ್ಕ ಆ ಎರಡು ಚಿಕ್ಕ ಗೆರೆ ಹಾಕ್ತೀರಲ್ಲ, ಅದನ್ನ ಹಾಕಿ.”

ವಂಶವೃಕ್ಷದಲ್ಲಿ ಒಂದರ ಕೆಳಗೊಂದು ಎರಡು ಪುಟ್ಟ ಗೆರೆ ಎಂದರೆ ಮದುವೆ. ಪೆನ್ಸಿಲಿನಲ್ಲಿ ಎಳೆದೆ.

“ಆಮೇಲೆ?” ಎಂದೆ.

“ಆಮೇಲಿನ ಜಾಗ ಖಾಲಿ ಇರಲಿ. ಯಾರ ಹೆಸರು ಅಂತ ನೀವೇ ಹೇಳಬೇಕು. ಈಗಲೇ ಬೇಡ, ಯೋಚನೆ ಮಾಡಿ. ಆಸ್ಪತ್ರೆಗೆ ಒಂದು ಫೋನ್ ಮಾಡಿ ಸಾಕು. ನಾನಾಗಿ ಬರೆಯಲ್ಲ, ಫೋನ್ ಮಾಡಲ್ಲ. ನಿಮ್ಮನೇಲಿ ನಿಮಗೆ ತೊಂದರೆ ಆಗಬಾರದು.”

ಆಗಲೇ ಹೇಳಬಹುದಿತ್ತು. ಆದರೆ ನನ್ನೊಳಗಿನ ಮಾತು ಬಾಯಿಗೆ ಬರುವಷ್ಟರಲ್ಲಿ ಎದುರಿನವರು ಸಾಮಾನ್ಯವಾಗಿ ಎದ್ದು ಹೋಗಿರುತ್ತಾರೆ.

ಎರಡು ತಿಂಗಳು ಹಾಗೇ ಕಳೆಯಿತು. ರಾತ್ರಿ ‘ಹೂಂ’ ಎನ್ನುತ್ತಿದ್ದೆ, ಬೆಳಗಾದರೆ ಭಯ. ಕೊನೆಗೆ ಧೈರ್ಯ ಮಾಡಿ ಮಿಸೆಸ್ ಹಾರ್ಟ್‌ವೆಲ್ ಮನೆಯಿಂದ ಫೋನ್ ಮಾಡಿದರೆ, ಆ ಹೆಸರಿನವರೇ ಇಲ್ಲ.

ಅಲ್ಲಿಗೆ ಹೋಗಲೇ ಇಲ್ಲವೇ? ನನ್ನನ್ನು ತಪ್ಪಿಸಿಕೊಳ್ಳಲು ಹೇಳಿದ್ದೇ? ಭಾವನನ್ನು ಕೇಳಿದರೆ ಗುಟ್ಟು ಬಯಲಾಗುತ್ತದೆ. ಗ್ಲೆನೆಲ್ಗ್‌ನ ಕಡಲ ದಂಡೆಯಲ್ಲಿ ಆ ವಾರವೆಲ್ಲ ನಡೆದೆ. ಕುಳಿತರೆ ಏಳಬೇಕೆನಿಸುವುದು, ಎದ್ದರೆ ಎಲ್ಲಿಗೆ ಎಂದು ತಿಳಿಯದು.

ಮನೆಯಲ್ಲಿ ಅಕ್ಕನದು ಬೇರೆಯೇ ರಾಗ.

“ಬ್ರಿಸ್ಬೇನ್‌ನಿಂದ ಕಮಲಾ ಆಂಟಿ ಮಗನ್ನ ಕರ್ಕೊಂಡು ಶನಿವಾರ ನಿನ್ನ ನೋಡೋಕೆ ಬರ್ತಿದ್ದಾರೆ ಕಣೇ. ಗೋಪಾಲಕೃಷ್ಣ. ಇಂಡೂರೂಪಿಲ್ಲಿಯಲ್ಲಿ ಸ್ವಂತ ಮನೆ, ಹಿತ್ತಲಲ್ಲಿ ಮಾವಿನ ಮರ ಬೇರೆ! ಹೂಂ ಅಂತೀಯೋ ಉಹೂಂ ಅಂತೀಯೋ?”

“ನೋಡೋಣ ಅಕ್ಕ.”

“ನೀನು ನೋಡ್ತಾ ಇರು. ನಿನ್ನ ಬಾಯಿಂದ ಒಂದು ಮಾತು ಬರೋಷ್ಟರಲ್ಲಿ ನನ್ನ ಮಗನ ಮದುವೆ ಆಗ್ಬಿಡತ್ತೆ.”

ಬುಧವಾರ ಕೆಲಸದಲ್ಲಿ ಉಳಿದಿದ್ದುದು ಒಂದೇ ತೊಡಕು. ಮಿಸೆಸ್ ಹಾರ್ಟ್‌ವೆಲ್‌ಳ ಅಜ್ಜಿ ಎಲೆನ್‌ಳನ್ನು ಹುಡುಗಿಯಾಗಿದ್ದಾಗ ಪ್ರೀತಿಸಿದವನು ಲೆಫ್ಟಿನೆಂಟ್ ಎಡ್ಮಂಡ್ ಕ್ಯಾರೋ. ಇಲ್ಲಿನ ಕೊಲ್ಲಿಗಳ ಆಳ ಅಳೆಯಲು ಬಂದ ಸರ್ವೆ ಹಡಗಿನವನು, ‘ಲಾರ್ಡ್’ ಪದವಿಯ ಒಬ್ಬ ಬ್ಯಾರನ್‌ನ ತಮ್ಮ. ಅಣ್ಣ ಮದುವೆಗೆ ಒಪ್ಪಿರಲಿಲ್ಲ. ಎಡ್ಮಂಡ್ ಇಂಗ್ಲೆಂಡಿಗೆ ಮರಳಿದ, ಕಾಗದಗಳು ಬಂದವು, ಮತ್ತೆ ನಿಂತವು. ಎಲೆನ್‌ಳ ತಂದೆ ನೌಕಾಪಡೆಯ ಅಧಿಕಾರಿಗಳ ಹೆಸರು ಅಚ್ಚಾಗುವ ನೌಕಾಪಟ್ಟಿ ತರಿಸಿ ನೋಡಿದರೆ ಅದರಲ್ಲಿ ಕ್ಯಾರೋ ಎಂಬ ಹೆಸರೇ ಇರಲಿಲ್ಲ. ಸತ್ತನೆಂದು ತಿಳಿದು ಎರಡು ವರ್ಷ ಬಿಟ್ಟು ಎಲೆನ್ ಬೇರೆ ಮದುವೆಯಾದಳು.

ಅವನ ಸಾವಿನ ತಾರೀಖು ಹುಡುಕಲು ನಾನು ನಾರ್ತ್ ಟೆರೇಸ್‌ನ ಲೈಬ್ರರಿಗೆ ಹೋದೆ. ಮೃತರ ಪಟ್ಟಿಯಲ್ಲಿ ಅವನಿಲ್ಲ. ನೌಕಾಪಟ್ಟಿಯಲ್ಲಿ ಪ್ರತಿ ಅಧಿಕಾರಿಯ ಮುಂದೆ ಅವನು ಹುದ್ದೆಗೇರಿದ ದಿನ ಅಚ್ಚಾಗಿರುತ್ತದೆ. ಹಿಂದಿನ ವರ್ಷಗಳ ಪಟ್ಟಿಯಲ್ಲಿ ಕ್ಯಾರೋನದು ೧೮೫೯ರ ಮಾರ್ಚ್ ೪. ಸುಮ್ಮನೆ ಆ ದಿನದ ಮೇಲೆ ಬೆರಳಿಟ್ಟು ೧೮೬೭ರ ಪಟ್ಟಿಯಲ್ಲಿ ಇಳಿಯುತ್ತ ಹೋದೆ. ಅದೇ ತಾರೀಖು ಸಿಕ್ಕಿತು. ಹೆಸರು ಮಾತ್ರ ಬೇರೆ: ಲಾರ್ಡ್ ಸ್ಟ್ರಾತ್‌ವೆನ್.

ಶ್ರೀಮಂತ ಮನೆತನಗಳ ಪುಸ್ತಕ ತೆಗೆದೆ. ಅಣ್ಣ ಮಕ್ಕಳಿಲ್ಲದೆ ತೀರಿಕೊಂಡಿದ್ದ. ಪದವಿ ತಮ್ಮನಿಗೆ ಬಂದಿತ್ತು. ಪದವಿ ಬಂದವನು ಹುಟ್ಟಿದ ಹೆಸರು ಬಿಟ್ಟು ಪದವಿಯ ಹೆಸರಿನಲ್ಲೇ ನಡೆಯಬೇಕು. ಎಡ್ಮಂಡ್ ಸತ್ತಿರಲಿಲ್ಲ. ಹಡಗಿನಲ್ಲೇ ಮುದುಕನಾಗಿ, ರಿಯರ್ ಅಡ್ಮಿರಲ್ ಆಗಿ ನಿವೃತ್ತನಾಗಿದ್ದ. ಕೊನೆಯಲ್ಲಿ ಒಂದೇ ಪದ: ಅವಿವಾಹಿತ.

ಗ್ಲೆನೆಲ್ಗ್‌ಗೆ ಮರಳಿ ಹೇಳಿದಾಗ ಮಿಸೆಸ್ ಹಾರ್ಟ್‌ವೆಲ್ ಎದ್ದು ಅಜ್ಜಿಯ ಪೆಟ್ಟಿಗೆ ತಂದಳು. ಅದರೊಳಗಿಂದ ಒಡೆಯದ ಒಂದು ಲಕೋಟೆ ತೆಗೆದಳು. ಹಿಂಬದಿಯಲ್ಲಿ ಕಿರೀಟದ ಮುದ್ರೆ, ಸ್ಟ್ರಾತ್‌ವೆನ್ ಎಂಬ ಹೆಸರು. ವಿಳಾಸ ಯಾರೋ ಗುಮಾಸ್ತನ ಕೈಬರಹ.

“ಈ ಹೆಸರು ನೋಡಿ ಎಡ್ಮಂಡ್‌ನ ಅಣ್ಣನೇ ಬೈದು ಬರೆದಿದ್ದಾನೆ ಅಂತ ಅಜ್ಜಿ ಒಡೆಯಲೇ ಇಲ್ಲ, ಡಿಯರ್. ಬಿಸಾಕೋಕೂ ಮನಸ್ಸು ಬರಲಿಲ್ಲ. ನೀನೇ ಒಡೆ.”

ಒಡೆದೆ. ಮೂರೇ ಸಾಲು. ‘ಅಣ್ಣ ಇಲ್ಲ. ಇನ್ನು ನಾನು ಯಾರ ಅಪ್ಪಣೆಯನ್ನೂ ಕೇಳಬೇಕಿಲ್ಲ. ಈ ಹೊಸ ಹೆಸರು ನೋಡಿ ಹೆದರಬೇಡ ಎಲೆನ್, ನಾನು ಅವನೇ. ನಿನ್ನದೊಂದು ಮಾತು ಬಂದರೆ ಮುಂದಿನ ಹಡಗಿಗೇ ಹೊರಡುತ್ತೇನೆ.’

ಕಿಟಕಿಯಾಚೆ ಸಮುದ್ರ ಏನೂ ಆಗಿಲ್ಲವೆಂಬಂತೆ ಹೊಳೆಯುತ್ತಿತ್ತು.

ಮುದುಕಿ ಕಣ್ಣೊರೆಸಿಕೊಂಡು ಕೇಳಿದಳು, “ನಿಮ್ಮ ಜನರಲ್ಲೂ ಹೀಗೆ ಹೆಸರು ಬದಲಾಗತ್ತಾ?”

“ಇಲ್ಲ. ನಮ್ಮ ಕಡೆ ಬಹಳ ಜನಕ್ಕೆ ಮನೆತನದ ಹೆಸರೇ ಇರಲ್ಲ. ಅಪ್ಪನ ಹೆಸರಿನ ಒಂದಕ್ಷರ ಮುಂದೆ ಇರತ್ತೆ, ಅಷ್ಟೆ. ಪಾಸ್‌ಪೋರ್ಟಿನಲ್ಲಿ ಮಾತ್ರ ಸರ್‌ನೇಮ್ ಅನ್ನೋ ಜಾಗದಲ್ಲಿ ಅಪ್ಪನ ಹೆಸರು ಪೂರ್ತಿ...”

ಮಾತು ಅಲ್ಲೇ ನಿಂತಿತು. ಎದ್ದು ಹಜಾರದ ಫೋನಿನತ್ತ ಓಡಿದೆ.

“ಡಾಕ್ಟರ್ ನಂಜುಂಡಸ್ವಾಮಿ ಇದ್ದಾರಾ? ಎನ್, ಎ, ಎನ್, ಜೆ...”

“ಓ, ಡಾಕ್ಟರ್ ನಂಜ್! ಮೊದಲೇ ಹಾಗೆ ಹೇಳಬಾರದಾ, ಲವ್? ವಾರ್ಡಿಗೆ ಕೊಡ್ತೀನಿ.”

ಆ ಕಡೆ ಫೋನಿನ ಗಂಟೆ ಏಳು ಸಲ ಹೊಡೆಯಿತು.

“ಹಲೋ?”

ನನಗೆ ಮಾತೇ ಹೊರಡಲಿಲ್ಲ. ದೂರದ ಕರೆಯ ಗುಂಯ್ ಎಂಬ ಸದ್ದಿನಲ್ಲಿ ನನ್ನ ಉಸಿರು ಅವರಿಗೆ ಕೇಳಿಸಿರಬೇಕು.

“ಇಷ್ಟು ಹೊತ್ತು ಸುಮ್ಮನಿರೋರು ನನಗೆ ಗೊತ್ತಿರೋದು ಒಬ್ಬರೇ,” ಎಂದರು ಮೆಲ್ಲಗೆ. “ವಿಶಾಲಾಕ್ಷಿ?”

“ಹೋದ ವಾರವೂ ಮಾಡಿದ್ದೆ. ವೇಣುಗೋಪಾಲ ಅನ್ನೋರು ಇಲ್ಲವೇ ಇಲ್ಲ ಅಂದ್ಬಿಟ್ರು.”

“ಅಯ್ಯೋ ದೇವರೇ! ಪಾಸ್‌ಪೋರ್ಟ್ ನೋಡಿ ಬ್ಯಾಡ್ಜ್ ಮಾಡಿಸಿದ್ದಾರೆ. ಯಾರಾದ್ರೂ ಕರೆದ್ರೆ ಅಪ್ಪ ಬಂದ್ಬಿಟ್ರಾ ಅಂತ ನಾನೇ ಹಿಂದೆ ತಿರುಗಿ ನೋಡ್ತೀನಿ.” ನಗು ನಿಂತಿತು. “ದಿನಾ ಫೋನ್ ಕಾಯ್ತಿದ್ದೆ. ನಿಮ್ಮ ಉತ್ತರ ‘ಬೇಡ’ ಅಂತಲೇ ಇರಬೇಕು ಅಂದ್ಕೊಂಡೆ. ಮುಂದಿನ ಬುಧವಾರಕ್ಕೆ ಲಂಡನ್ ಟಿಕೆಟ್ ತಗೊಂಡಿದ್ದೀನಿ.”

“ಉತ್ತರ ಹೇಳೋಕೇ ಫೋನ್ ಮಾಡಿದ್ದು.”

“ಹೇಳಿ.”

“ಆ ಖಾಲಿ ಜಾಗದಲ್ಲಿ... ನನ್ನ ಹೆಸರು.”

ಈ ಸಲ ಸುಮ್ಮನಾದವರು ಅವರು. ನನಗಿಂತ ಹೆಚ್ಚು ಹೊತ್ತು.

“ಶುಕ್ರವಾರ ಅಡಿಲೇಡ್‌ಗೆ ಬರ್ತೀನಿ,” ಎಂದರು ಕೊನೆಗೆ. “ನಿಮ್ಮ ಅಕ್ಕ ಭಾವನ ಹತ್ತಿರ ನಾನೇ ಮಾತಾಡ್ತೀನಿ.”

“ಅಕ್ಕನ ಹತ್ತಿರ ಇವತ್ತು ನಾನೇ ಮಾತಾಡ್ತೀನಿ. ನೀವು ಸುಮ್ಮನೆ ಬನ್ನಿ.”

ಆ ಕರೆ ಮುಗಿದದ್ದೇ ಮನೆಯ ನಂಬರು ತಿರುಗಿಸಿದೆ. “ಅಕ್ಕ, ಕಮಲಾ ಆಂಟಿಗೆ ಶನಿವಾರ ಬರಬೇಡಿ ಅಂತ ಹೇಳು. ಉಹೂಂ ಅಂತ.” ಆ ಕಡೆಯಿಂದ ಅಕ್ಕ ಏನೇನೋ ಕೂಗುತ್ತಿದ್ದಳು. “ಮನೆಗೆ ಬಂದು ಎಲ್ಲ ಹೇಳ್ತೀನಿ. ಎಲ್ಲ,” ಎಂದೆ.

ಒಳಗೆ ಬಂದಾಗ ಮಿಸೆಸ್ ಹಾರ್ಟ್‌ವೆಲ್ ಮೇಜಿನ ಮೇಲೆ ಕೈಯೂರಿ ಕೂತಿದ್ದಳು. ನನ್ನ ಮುಖ ನೋಡಿ ನಕ್ಕಳು. ನಾನು ಚೀಲದಿಂದ ಡಿಸೆಂಬರಿನ ಆ ಹಾಳೆ ತೆಗೆದು ಹರವಿ, ಪೆನ್ಸಿಲ್ ಹುಡುಕಿದೆ.

ಮುದುಕಿ ಪೆನ್ಸಿಲನ್ನು ಅತ್ತ ಸರಿಸಿ, ಮಸಿಯ ಪೆನ್ನಿನ ಮುಚ್ಚಳ ತೆಗೆದು ನನ್ನ ಕೈಗೆ ಕೊಟ್ಟಳು.