ನಾನು ಮಾಡದ ನೂಡಲ್ಸ್

ಆ ನೂಡಲ್ಸ್ ಸಲಾಡ್ ನಾನು ಮಾಡಿದ್ದಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಹೇಳಬೇಕಾಗಿದ್ದ ದಿನ ಹೇಳದೆ ಪಟ್ಟ ಪಾಡು ಸಾಕಾಗಿದೆ.

ಮಾಡುತ್ತಿದ್ದವಳು ನನ್ನ ಅತ್ತಿಗೆ. ಅಣ್ಣ ಅತ್ತಿಗೆಯ ಜೊತೆ ಇರುವ ನನಗೆ ಅಡುಗೆಮನೆಯಲ್ಲಿ ಪರಿಚಯವಿದ್ದ ಜಾಗವೆಂದರೆ ಫ್ರಿಜ್ ಒಂದೇ. ಅತ್ತಿಗೆ ಬೆಳಗ್ಗೆ ನೂಡಲ್ಸ್ ಬೇಯಿಸಿ, ತಣ್ಣೀರಿನಲ್ಲಿ ತೊಳೆದು, ಎಳೆಎಳೆಯಾಗಿ ಹೆಚ್ಚಿದ ಸೌತೆಕಾಯಿ, ಕ್ಯಾರೆಟ್ ಬೆರೆಸುತ್ತಿದ್ದಳು. ಎಳ್ಳಿನ ಪೇಸ್ಟಿಗೆ ಸೋಯಾ ಸಾಸ್, ವಿನೆಗರ್, ಶುಂಠಿ ರಸ ಕಲಸಿ ಮೇಲೆ ಸುರಿದು, ಡಬ್ಬಿಗೆ ತುಂಬಿ ಇಡುತ್ತಿದ್ದಳು. ನಾನು ಡಬ್ಬಿ ಎತ್ತಿಕೊಂಡು ಓಡುತ್ತಿದ್ದೆ. ಒಳಗೆ ಏನಿದೆ ಎಂದು ಒಂದು ದಿನವೂ ಕೇಳಿದವಳಲ್ಲ.

ನನ್ನ ಕೆಲಸ ಕನ್ನಡಕದ ಅಂಗಡಿಯಲ್ಲಿ. ಗಿರಾಕಿಯ ಎರಡು ಕಣ್ಣುಪಾಪೆಗಳ ನಡುವಿನ ಅಂತರ ಅಳೆದು ಚೀಟಿಯಲ್ಲಿ ಬರೆದು, ಗಾಜಿನ ಗೋಡೆಯ ಕಿಂಡಿಯಿಂದ ಒಳಗೆ ತಳ್ಳುತ್ತೇನೆ. ಒಳಗೆ ಕೂತು ಲೆನ್ಸ್ ಕತ್ತರಿಸುವವನೊಬ್ಬ ಇದ್ದಾನೆ. ಅಂಗಡಿಯಲ್ಲಿ ಎಲ್ಲರೂ ಅವನನ್ನು ಮಿಲ್ಲಿಮೀಟರ್ ಎಂದೇ ಕರೆಯುತ್ತಾರೆ. ಅರ್ಧ ಮಿಲ್ಲಿಮೀಟರ್ ಹೆಚ್ಚುಕಡಿಮೆಯಾದರೂ ಚೀಟಿ ವಾಪಸ್ ಬರುತ್ತದೆ.

ನನಗಿಂತ ಮೊದಲು ಆ ಕುರ್ಚಿಯಲ್ಲಿದ್ದವಳು ಅಳತೆ ತೆಗೆಯಲು ಬೇಜಾರಾಗಿ ಎಲ್ಲರಿಗೂ ಅರವತ್ತೆರಡು ಎಂದು ಬರೆಯುತ್ತಿದ್ದಳಂತೆ. ಗೊತ್ತಾದ ದಿನದಿಂದ ಅವಳು ಬಿಟ್ಟುಹೋಗುವವರೆಗೂ ಅವನು ಅವಳ ಜೊತೆ ಮಾತಾಡಲಿಲ್ಲವಂತೆ. "ತಪ್ಪು ಅಳೆದ್ರೆ ಪರವಾಗಿಲ್ಲ. ಅಳೆಯದೇ ಬರೆದ್ರೆ ಮಾತ್ರ ನನ್ನ ಹತ್ರ ಬರಬೇಡಿ" ಎಂದು ನನ್ನ ಮೊದಲ ದಿನವೇ ಹೇಳಿದ್ದ. ಆಗ ನಾನು ನಕ್ಕಿದ್ದೆ.

ಒಂದು ಮಧ್ಯಾಹ್ನ ಹಿಂದಿನ ಕೋಣೆಯ ಮೇಜಿನಲ್ಲಿ ನಾವಿಬ್ಬರೇ. ಅವನ ಮುಂದೆ ಎರಡು ಒಣ ಬ್ರೆಡ್. ಕಣ್ಣು ಮಾತ್ರ ನನ್ನ ಡಬ್ಬಿಯ ಮೇಲೆ.

"ಅದೇನದು, ತಣ್ಣಗೆ ಘಮ್ ಅಂತಿದೆ?"

"ನೂಡಲ್ಸ್ ಸಲಾಡ್. ತಗೊಳ್ಳಿ."

"ಕಡಲೆಕಾಯಿ ಇಲ್ಲ ತಾನೇ? ನನಗೆ ಅದು ವಿಷ ಇದ್ದ ಹಾಗೆ."

ನಾನು ಡಬ್ಬಿಯನ್ನು ಕಣ್ಣಲ್ಲೇ ತಡಕಿದೆ. ಬೀಜ ಕಾಣಲಿಲ್ಲ. "ಇಲ್ಲಪ್ಪ" ಎಂದೆ.

ಅವನು ಫೋರ್ಕಿಗೆ ಎರಡು ಸುತ್ತು ಸುತ್ತಿ ಬಾಯಿಗಿಟ್ಟ. ಕಣ್ಣು ಮುಚ್ಚಿತು. ರೆಪ್ಪೆ ಉದ್ದ, ತುದಿಯಲ್ಲಿ ಲೆನ್ಸಿನ ಬಿಳಿ ಪುಡಿ. ಆ ಕಣ್ಣು ಮತ್ತೆ ತೆರೆದಾಗ ನೇರ ನನ್ನ ಮೇಲೇ ಇತ್ತು. ದಿನಕ್ಕೆ ಮೂವತ್ತು ಜೊತೆ ಕಣ್ಣು ನೋಡುವವಳು ನಾನು, ಅಂದು ಎಲ್ಲಿ ನೋಡಬೇಕೆಂದೇ ತಿಳಿಯಲಿಲ್ಲ.

"ನೀವೇ ಮಾಡಿದ್ದಾ?"

"ಇನ್ಯಾರು ಮಾಡ್ತಾರೆ?" ಎಂದುಬಿಟ್ಟೆ.

ಇಷ್ಟೇ. ಇಷ್ಟಕ್ಕೇ ಎಲ್ಲ ಶುರುವಾಯಿತು.

ಆರು ವಾರ ನನ್ನ ಕಾಲು ನೆಲದ ಮೇಲಿರಲಿಲ್ಲ. ಚೀಟಿಗಳ ಹಿಂಬದಿಯಲ್ಲಿ ಸಣ್ಣ ಅಕ್ಷರದ ಪ್ರಶ್ನೆಗಳು ಬರತೊಡಗಿದವು. "ಇವತ್ತೂ ಸೌತೆಕಾಯಿನಾ?" "ಅಳತೆ ಸರಿ ಇದೆ. ಹಸಿವು ಜಾಸ್ತಿ ಇದೆ." ಗಾಜಿನ ಆಚೆಯಿಂದ ಅವನು ಹುಬ್ಬು ಏರಿಸುತ್ತಿದ್ದ, ನಾನು ಕಾಣದವಳ ಹಾಗೆ ಫ್ರೇಮ್ ಒರೆಸುತ್ತಿದ್ದೆ. "ಈ ಕೈಗೆ ಏನು ವಿದ್ಯೆ ಇದೆ ರೀ" ಎಂದು ಅವನು ಹೊಗಳಿದಾಗ ಕೈಯನ್ನು ಮೇಜಿನ ಕೆಳಗೆ ಎಳೆದುಕೊಳ್ಳುತ್ತಿದ್ದೆ. ಅವನು ಅದನ್ನು ನಾಚಿಕೆ ಎಂದುಕೊಂಡ.

ಮನೆಯಲ್ಲಿ ಅತ್ತಿಗೆಗೆ, "ಡಬ್ಬಿ ಸ್ವಲ್ಪ ದೊಡ್ಡದು ಕಟ್ಟು, ಹಸಿವಾಗತ್ತೆ" ಎಂದೆ. ಅಲ್ಲೂ ನಿಜ ಹೇಳಲಿಲ್ಲ.

ಆಮೇಲೆ ಆ ಗುರುವಾರ ಬಂತು.

"ಇವತ್ತು ರುಚಿ ಬೇರೆ ಇದೆ. ಏನು ಹಾಕಿದ್ದೀರಿ?" ಎಂದ.

ನನಗೇನು ಗೊತ್ತು? ಆದರೂ ನನ್ನ ಬಾಯಿ ಸುಮ್ಮನಿರಲಿಲ್ಲ. "ಎಳ್ಳು ಸ್ವಲ್ಪ ಜಾಸ್ತಿ ಹುರಿದೆ" ಎಂದೆ.

ಎದುರಿನ ಬೇಕರಿಯಿಂದ ಅವನು ತಂದಿಟ್ಟಿದ್ದ ಬನ್ನನ್ನು ಅರ್ಧ ಮುರಿದು ತಿಂದ. ಹತ್ತು ನಿಮಿಷವೂ ಆಗಿರಲಿಲ್ಲ. ಗಾಜಿನ ಆಚೆ ಅವನು ಕತ್ತು ಹಿಡಿದು ಎದ್ದು ನಿಂತ. ತುಟಿ ಊದಿತ್ತು. ಉಸಿರು ಸೀಟಿಯಂತೆ ಬರುತ್ತಿತ್ತು. ಅವನ ಡ್ರಾಯರ್‌ನಲ್ಲಿ ಸದಾ ಇರುವ ಅಲರ್ಜಿಯ ಇಂಜೆಕ್ಷನ್ ತೆಗೆದು ಅಂಗಡಿಯ ಯಜಮಾನರು ತೊಡೆಗೆ ಚುಚ್ಚಿದರು. ಆಂಬುಲೆನ್ಸ್ ಬಂತು.

"ಏನು ತಿಂದ?" ಎಂದು ನರ್ಸ್ ಕೇಳಿದಳು.

ಎಲ್ಲರೂ ನನ್ನನ್ನು ನೋಡಿದರು. "ನೂಡಲ್ಸ್ ನಾನೇ ಮಾಡಿದ್ದು, ಅದರಲ್ಲಿ ಕಡಲೆಕಾಯಿ ಇಲ್ಲ" ಎಂದೆ. ಅಷ್ಟು ಗಟ್ಟಿಯಾಗಿ ನಾನು ನನ್ನ ಹೆಸರನ್ನೂ ಹೇಳಿರಲಿಕ್ಕಿಲ್ಲ.

"ಹಾಗಾದ್ರೆ ಬನ್ನೇ" ಎಂದರು ಯಜಮಾನರು.

ಆ ಸಂಜೆ ಅತ್ತಿಗೆ ಬಟ್ಟೆ ಮಡಚುತ್ತಿದ್ದಳು. ನೂಡಲ್ಸಿಗೆ ಇವತ್ತು ಏನು ಹಾಕಿದ್ದಳೆಂದು ಸುಮ್ಮನೆ ಕೇಳುವವಳ ಹಾಗೆ ಕೇಳಿದೆ.

"ಎಳ್ಳಿನ ಪೇಸ್ಟ್ ಮುಗಿದಿತ್ತು ಕಣೇ. ಪೀನಟ್ ಬಟರ್ ಹಾಕ್ದೆ, ಅದೇ ಕಡಲೆಕಾಯಿ ಬೆಣ್ಣೆ. ಯಾಕೆ, ಚೆನ್ನಾಗಿರಲಿಲ್ವಾ?"

ಹಾಸಿಗೆಯ ಮೇಲೆ ಕೂತು ಎಲ್ಲವನ್ನೂ ಹೇಳಿದೆ. ಅತ್ತಿಗೆ ಅಂಗಿಯನ್ನು ಅರ್ಧಕ್ಕೇ ಬಿಟ್ಟು ನನ್ನ ಮುಖ ನೋಡಿದಳು.

"ನನ್ನ ಅಡುಗೆ ನಿನ್ನದು ಅಂತ ಹೇಳ್ಕೊಂಡೆ, ಹೋಗ್ಲಿ, ಅದನ್ನ ನಾನು ಹೊಟ್ಟೆಗೆ ಹಾಕ್ಕೊಳ್ತೀನಿ. ಒಂದು ಜೀವದ ಪ್ರಶ್ನೆ ಕೇಳ್ದಾಗ ಕೂಡ ನನಗೊಂದು ಫೋನ್ ಮಾಡೋಕೆ ನಿನಗೆ ಮರ್ಯಾದೆ ಅಡ್ಡ ಬಂತಾ?"

ಅವಳು ಬಿಟ್ಟ ಅಂಗಿಯನ್ನು ನಾನು ಮಡಚತೊಡಗಿದೆ.

ಅವನು ಎರಡು ದಿನದಲ್ಲಿ ಚೇತರಿಸಿಕೊಂಡ. ಬೇಕರಿ ಮಾತ್ರ ಬಾಗಿಲು ಹಾಕಿತು. ಅದನ್ನು ನಡೆಸುವ ಅಜ್ಜಿ, ಎಲ್ಲರ ಬಾಯಲ್ಲೂ ಬೇಕರಿಯಮ್ಮ, ಅಡುಗೆಮನೆ ಪೂರ್ತಿ ಖಾಲಿ ಮಾಡಿ ಗೋಡೆ, ನೆಲ, ತಟ್ಟೆ ಉಜ್ಜತೊಡಗಿದರು. ನಾನು ಅಂಗಡಿಯ ಕಿಟಕಿಯಿಂದ ನೋಡುತ್ತಲೇ ಇದ್ದೆ. ಸೊಂಟದ ಮೇಲೆ ಕೈಯಿಟ್ಟು ಅವರು ನೆಟ್ಟಗಾಗುವುದು, ಮತ್ತೆ ಬಗ್ಗುವುದು. ರಸ್ತೆ ದಾಟಿದರೆ ಇಪ್ಪತ್ತು ಹೆಜ್ಜೆ. ನಾನು ದಾಟಲಿಲ್ಲ.

ಶನಿವಾರ ಅವನ ಫೋನ್ ಬಂತು. ದನಿ ಇನ್ನೂ ಒರಟಾಗಿತ್ತು.

"ಇನ್ಮೇಲೆ ಹೊರಗಿನದು ಏನೂ ಬೇಡ. ನಿಮ್ಮ ಕೈಯಿಂದ ಆಗಿದ್ದಾದ್ರೆ ಮಾತ್ರ ನಂಬ್ತೀನಿ. ಭಾನುವಾರ ಬರ್ಲಾ? ಆ ಸಲಾಡ್ ಕಲಿಸಿಕೊಡಿ. ಮತ್ತೆ... ಒಂದು ವಿಷಯ ಹೇಳೋದೂ ಇದೆ."

ನೆಲ ಬಾಯಿ ಬಿಡಬಾರದೇ ಅನ್ನಿಸಿತು. ಆದರೂ "ಬನ್ನಿ" ಎಂದೆ. ಪ್ರೀತಿಯಿಂದಲೋ ಭಯದಿಂದಲೋ, ನನಗೇ ತಿಳಿಯದು.

ಅತ್ತಿಗೆ ಪೀನಟ್ ಬಟರ್ ಬಾಟಲಿ ಹೊರಗೆ ಹಾಕಿದಳು. ಪಾತ್ರೆ, ಹಲಗೆ, ಚಮಚ ಎಲ್ಲ ಹೊಸದು ಕೊಟ್ಟಳು. ಪ್ರತಿ ಬಾಟಲಿಯ ಲೇಬಲ್ಲನ್ನೂ ನನ್ನಿಂದಲೇ ಜೋರಾಗಿ ಓದಿಸಿದಳು. ಮಾಡುವ ರೀತಿಯನ್ನು ಒಂದೇ ಸಲ ಹೇಳಿ, ಭಾನುವಾರ ಬೆಳಗ್ಗೆ ಅಣ್ಣನನ್ನು ಎಬ್ಬಿಸಿಕೊಂಡು ಹೊರಟೇಬಿಟ್ಟಳು. ಹೊಸ್ತಿಲಲ್ಲಿ, "ನೂಡಲ್ಸ್ ಹೇಗಾದ್ರೂ ಇರ್ಲಿ, ಮಾತು ನೆಟ್ಟಗಿರ್ಲಿ" ಎಂದಳು.

ಅವನು ಹನ್ನೊಂದಕ್ಕೆ ಬಂದ. ಇಸ್ತ್ರಿ ಮಾಡಿದ ನೀಲಿ ಅಂಗಿ. ಕೆಳತುಟಿಯ ಮೇಲೆ ಊತದ ಗುರುತು ಇನ್ನೂ ಸ್ವಲ್ಪ ಇತ್ತು. ನಾನು ಅದನ್ನು ನೋಡಿದ್ದನ್ನು ಅವನು ನೋಡಿದ.

"ಅಷ್ಟೇನೂ ಕೆಟ್ಟದಾಗಿಲ್ಲ ಅಲ್ವಾ?"

"ಇಲ್ಲ" ಎಂದು ತಿರುಗಿ ಒಲೆ ಹಚ್ಚಿದೆ.

ನೀರು ಕುದಿಯಿತು. ನೂಡಲ್ಸ್ ಹಾಕಿದೆ. ಅವನು ಕಟ್ಟೆಗೆ ಒರಗಿ ನಿಂತು ತೋಳು ಮಡಚಿಕೊಂಡ.

"ಎಷ್ಟು ನಿಮಿಷ?"

"ನಾಲ್ಕು. ಇಲ್ಲ, ಐದು."

ಅವನು ವಾಚ್ ನೋಡಿದ, ನನ್ನನ್ನು ನೋಡಿದ, ತುಟಿಯ ಮೂಲೆಯಲ್ಲೇ ನಕ್ಕ. ನಾನು ಸೌತೆಕಾಯಿ ಹೆಚ್ಚತೊಡಗಿದೆ. ತುಂಡುಗಳು ಬೆರಳಿನಷ್ಟು ದಪ್ಪ. ಅವನು ಒಂದನ್ನು ಎತ್ತಿ ಬೆಳಕಿಗೆ ಹಿಡಿದ, ಲೆನ್ಸ್ ಹಿಡಿಯುವ ಹಾಗೆ.

"ಇದು ಡಬ್ಬಿಯಲ್ಲಿ ಬರ್ತಿದ್ದ ಸೌತೆಕಾಯಿಯ ಅಣ್ಣನಾ?"

ನಗಬೇಕೆಂದರೂ ನಗು ಬರಲಿಲ್ಲ. ವಿನೆಗರ್ ಹುಡುಕಲು ಮೂರು ಕಪಾಟು ತೆರೆದೆ. ನೂಡಲ್ಸನ್ನು ಬಸಿದು ಹಾಗೇ ಪಾತ್ರೆಗೆ ಸುರಿದೆ. ತಣ್ಣೀರಿನಲ್ಲಿ ತೊಳೆಯಬೇಕಿತ್ತೆಂದು ನೆನಪಾಗುವಷ್ಟರಲ್ಲಿ ಅದು ಒಂದಕ್ಕೊಂದು ಅಂಟಿ ಪಾತ್ರೆಯ ಆಕಾರ ತಳೆದಿತ್ತು. ಚಮಚ ಚುಚ್ಚಿದರೆ ಇಡೀ ಗುಡ್ಡೆಯೇ ಮೇಲೆ ಬಂತು.

ಅವನು ನಗಲಿಲ್ಲ. ಹತ್ತಿರ ಬಂದು ನನ್ನ ಕೈಯಿಂದ ಚಮಚ ತೆಗೆದು ಕೆಳಗಿಟ್ಟ.

"ನಾನು ಬಂದಿದ್ದಕ್ಕೆ ಗಾಬರಿನಾ?"

ನೋಡಿ, ತಪ್ಪಿಸಿಕೊಳ್ಳಲು ನನಗೆ ಬಾಗಿಲು ತೆರೆದುಕೊಟ್ಟವನೇ ಅವನು. ಹೌದು ಎಂದಿದ್ದರೆ ಮುಗಿದಿತ್ತು. ಇವತ್ತು ಗಾಬರಿ, ನಾಳೆ ಮದುವೆ, ಆಮೇಲೆ ಅತ್ತಿಗೆಯ ಬಾಯಿ ಹೇಗಾದರೂ ಮುಚ್ಚಿಸಬಹುದಿತ್ತು. ನಾನು ಒಳ್ಳೆಯವಳಲ್ಲ, ಇದೆಲ್ಲ ಆ ಒಂದು ಕ್ಷಣದಲ್ಲಿ ಯೋಚಿಸಿದೆ.

"ನಾನು ಹೇಳೋಕೆ ಬಂದಿದ್ದು ಇಷ್ಟೇ" ಎಂದ ಮೆಲ್ಲಗೆ. "ಉಸಿರು ಸಿಗದೆ ಮಲಗಿದ್ದಾಗ ನನಗೆ ನೆನಪಾಗಿದ್ದು ನೀವು. ನೀವು ಕೊಟ್ಟಿದ್ದನ್ನ ನಾನು ಒಂದು ದಿನಾನೂ ಯೋಚಿಸದೆ ತಿಂದಿದ್ದೀನಿ. ಅಂಥವರು ನನಗೆ ಯಾರೂ..."

"ನಿಲ್ಲಿಸಿ" ಎಂದೆ. "ದಯವಿಟ್ಟು ಅಲ್ಲಿಗೇ ನಿಲ್ಲಿಸಿ. ನೂಡಲ್ಸ್ ನಾನು ಮಾಡಿದ್ದಲ್ಲ. ಒಂದು ದಿನಾನೂ ಅಲ್ಲ. ಅತ್ತಿಗೆ ಮಾಡ್ತಿದ್ದಿದ್ದು. ಗುರುವಾರ ಅದರಲ್ಲಿ ಪೀನಟ್ ಬಟರ್ ಇತ್ತು."

ಅವನ ಕೈ ತುಟಿಯ ಕಡೆಗೆ ಹೋಯಿತು. ಅವನಿಗೇ ಗೊತ್ತಿಲ್ಲದೆ ಹೋಯಿತು.

"ಎಳ್ಳು ಹುರಿದೆ ಅಂದ್ರಲ್ಲ?"

"ಬಾಯಿಗೆ ಬಂದದ್ದು ಹೇಳಿದೆ."

"ನರ್ಸ್ ಕೇಳಿದಾಗ?"

"ಆಗಲೂ ಅಷ್ಟೇ."

"ಅಳೆಯದೇ ಬರೆದ್ರಿ."

"ಹೌದು."

ಬೈದಿದ್ದರೆ ಚೆನ್ನಾಗಿತ್ತು. ಅವನು ಒಲೆಯ ಕಡೆ ಹೋಗಿ, ಆರಿಸಲು ನಾನು ಮರೆತಿದ್ದ ಉರಿಯನ್ನು ಆರಿಸಿದ. ನಾನು ತಲೆ ತಗ್ಗಿಸಿ ಹಲಗೆಯ ಮೇಲಿನ ದಪ್ಪ ತುಂಡುಗಳನ್ನು ನೋಡುತ್ತ ನಿಂತೆ. ಅತ್ತರೆ ಕರುಣೆ ಬೇಡಿದ ಹಾಗಾಗುತ್ತದೆಂದು ಅಳು ತಡೆದೆ.

"ಬೇಕರಿಯಮ್ಮನಿಗೆ ಹೇಳಿದ್ರಾ?"

"ಇಲ್ಲ."

"ಹಾಗಾದ್ರೆ ಮೊದಲು ಅಲ್ಲಿಗೆ ಹೋಗ್ಬೇಕಿತ್ತು. ನಾನು ಬದುಕಿದ್ದೀನಿ. ಬರುವಾಗ ನೋಡಿದೆ, ಅವರು ಇನ್ನೂ ನೆಲ ಉಜ್ಜುತ್ತಿದ್ದಾರೆ."

ಚಪ್ಪಲಿ ಹಾಕಿಕೊಂಡೆ. ಅವನೂ ಹೊರಟ. ದಾರಿಯುದ್ದಕ್ಕೂ ನನಗಿಂತ ನಾಲ್ಕು ಹೆಜ್ಜೆ ಮುಂದೆಯೇ ನಡೆದ.

ಬೇಕರಿಯ ಬಾಗಿಲು ಅರ್ಧ ತೆರೆದಿತ್ತು. ಒಳಗೆ ಸೋಪಿನ ವಾಸನೆ. ಕಪಾಟುಗಳೆಲ್ಲ ಖಾಲಿ. ಬೇಕರಿಯಮ್ಮ ಸ್ಟೂಲಿನ ಮೇಲೆ ಕೂತು ಅಚ್ಚುಗಳನ್ನು ಒಂದೊಂದಾಗಿ ಒರೆಸುತ್ತಿದ್ದರು. ಅವನನ್ನು ಕಂಡವರೇ ಎದ್ದು ಕೈ ಜೋಡಿಸಿದರು.

"ಮಗಾ, ಎಲ್ಲಿ ತಪ್ಪಾಯ್ತೋ ನನಗೆ ಗೊತ್ತಾಗ್ತಿಲ್ಲ..."

"ತಪ್ಪು ನಿಮ್ಮದಲ್ಲ ಅಜ್ಜಿ, ನನ್ನದು" ಎಂದೆ. ಎಲ್ಲ ಹೇಳಿದೆ. ಬಿಡಿಸಿ ಹೇಳಿದೆ, ನಾನೇ ಮಾಡಿದ್ದೆಂದು ಕೊಚ್ಚಿಕೊಂಡದ್ದನ್ನೂ, ಗೊತ್ತಾದ ಮೇಲೆ ಕಿಟಕಿಯಲ್ಲಿ ನಿಂತು ನೋಡಿದ್ದನ್ನೂ.

ಅವರು ಸಿಟ್ಟಾಗಲಿಲ್ಲ. ಮತ್ತೆ ಸ್ಟೂಲಿನ ಮೇಲೆ ಕೂತು ತಮ್ಮ ಎರಡೂ ಅಂಗೈಗಳನ್ನು ತಿರುಗಿಸಿ ನೋಡಿಕೊಂಡರು. ಸೋಪಿನ ನೀರಿಗೆ ಬೆರಳುಗಳು ಬಿರಿದಿದ್ದವು.

"ನಲವತ್ತು ವರ್ಷದ ಕೈ ಇದು. ಮೂರು ದಿನದಿಂದ ಇದರ ಮೇಲೇ ಅನುಮಾನ ಪಡ್ತಾ ಕೂತಿದ್ದೆ. ವಯಸ್ಸಾಯ್ತು, ಇನ್ನು ಬಿಟ್ಟುಬಿಡೋಣ ಅಂದ್ಕೊಂಡಿದ್ದೆ ಕಣಮ್ಮ."

ತಡೆದಿದ್ದ ಅಳು ಆಗ ಬಂತು. ಅವರು ನನ್ನನ್ನು ಸಮಾಧಾನ ಮಾಡಲಿಲ್ಲ, ಮಾಡಬೇಕಾಗಿಯೂ ಇರಲಿಲ್ಲ. ಒರೆಸುವ ಬಟ್ಟೆಯೊಂದನ್ನು ನನ್ನ ಕಡೆ ಎಸೆದು, "ಆ ಮೂಲೆಯ ಅಚ್ಚುಗಳು ಬಾಕಿ ಇವೆ" ಎಂದರು. ನಾನು ನೆಲದ ಮೇಲೆ ಕೂತು ಒರೆಸಿದೆ. ಒಂದೂ ಬಿಡದೆ ಒರೆಸಿದೆ.

ಹೊರಗೆ ಬಂದಾಗ ಬಿಸಿಲು ಇಳಿದಿತ್ತು. ಅವನು ಹೋಗಿರುತ್ತಾನೆ ಎಂದುಕೊಂಡಿದ್ದೆ. ಮೆಟ್ಟಿಲ ಮೇಲೆ ಕೂತಿದ್ದ.

"ಬೆಳಗ್ಗೆ ನಾನು ಹೇಳೋಕೆ ಹೊರಟಿದ್ದನ್ನ ಇವತ್ತು ಹೇಳಲ್ಲ" ಎಂದ.

"ಹೇಳಬೇಡಿ. ಅದು ನನಗೆ ಸೇರಿದ್ದಲ್ಲ."

"ಇವತ್ತು ಅಂದೆ. ನಾಳೆಯ ಮಾತು ಆಡಲಿಲ್ಲ."

ನನ್ನ ಕಣ್ಣು ಊದಿತ್ತು, ಮೂಗು ಸೋರುತ್ತಿತ್ತು, ಕೈ ಸೋಪಿನಿಂದ ಜಾರುತ್ತಿತ್ತು. ಪ್ರೀತಿಯ ಮಾತು ಹೇಳಲು ಇದಕ್ಕಿಂತ ಕೆಟ್ಟ ಹೊತ್ತು ಸಿಗುವುದಿಲ್ಲ. ಆದರೂ ಇದನ್ನೂ ಮುಚ್ಚಿಟ್ಟು ಮನೆಗೆ ಹೋಗುವುದು ನನ್ನಿಂದಾಗಲಿಲ್ಲ.

"ನೀವಂದ್ರೆ ನನಗೆ ತುಂಬ ಇಷ್ಟ. ನೀವು ಇನ್ಮೇಲೆ ಮಾತಾಡದೇ ಇದ್ದರೂ ಇಷ್ಟ. ಕೇಳದೇ ಹೇಳ್ತಿದ್ದೀನಿ, ಬೇಜಾರು ಮಾಡ್ಕೋಬೇಡಿ."

ಅವನು ತಲೆಯೆತ್ತಿ ನನ್ನ ಕಣ್ಣುಗಳನ್ನೇ ನೋಡಿದ, ಒಂದನ್ನು ನೋಡಿ ಆಮೇಲೆ ಇನ್ನೊಂದನ್ನು, ಆತುರವಿಲ್ಲದೆ. ನಾಚಿಕೆಯಿಂದ ಸಾಯುತ್ತಿದ್ದರೂ ನಾನು ನೋಟ ತಪ್ಪಿಸಲಿಲ್ಲ.

"ಇದು ಖಚಿತಾನಾ?"

"ಇದೊಂದು ಖಚಿತ."

ಅವನು ಮೆಟ್ಟಿಲ ಮೇಲೆ ಸ್ವಲ್ಪ ಸರಿದು, ನನಗೆ ಕೂರಲು ಜಾಗ ಮಾಡಿಕೊಟ್ಟ.